ಜಾರ್ಜನ ಅಪ್ಪ

ಹೋದ ತಿಂಗಳು ಒಂದು ಬೆಳಿಗ್ಗೆ ನಮ್ಮ ಕನ್ನಡದವರ ವಾಟ್ಸಾಪ್ ಗುಂಪಿನಲ್ಲಿ ‘ಹ್ಯೂಸ್ಟನ್ನಿನ ಜಾರ್ಜನ ಅಪ್ಪ ತೀರಿಕೊಂಡರು’ ಎಂದು ಒಂದೇ ಸಾಲು ಬಂತು. ಕೆಳಗೆ ಕೈಮುಗಿದ ಗುರುತುಗಳು ಒಂದರ ಹಿಂದೊಂದು ಬೀಳುತ್ತಿದ್ದವು. ನಡುವೆ, ಡಲ್ಲಾಸ್ ಹತ್ತಿರದ ಪ್ರಾಸ್ಪರ್‌ನಲ್ಲಿ ಈಚೆಗೆ ಮನೆ ಕೊಂಡ ಹುಡುಗನೊಬ್ಬ, ‘ತುಂಬಾ ಬೇಜಾರಾಯ್ತು. ಅವರು ಕ್ರಿಶ್ಚಿಯನ್ನರಾ? ಪ್ರೇಯರ್ ಯಾವ ಚರ್ಚಿನಲ್ಲಿ?’ ಎಂದು ಕೇಳಿದ್ದ. ಅವನದೇನೂ ತಪ್ಪಿಲ್ಲ. ಆ ಹೆಸರು ಕೇಳಿದವರೆಲ್ಲ ಅದನ್ನೇ ಕೇಳುತ್ತಿದ್ದರು. ನಾನು ‘ಅಲ್ಲ’ ಎಂದಷ್ಟೇ ಬರೆದು ಫೋನ್ ಬದಿಗಿಟ್ಟೆ.

ಅವರಿಗೂ ಒಂದು ಹೆಸರಿತ್ತು, ಮನೆತನದ ಅಡ್ಡಹೆಸರಿತ್ತು. ಇಲ್ಲಿ ಅದು ಬೇಡ. ಫೋನಿನಲ್ಲಿ ಹೊಸಬರು ಸಿಕ್ಕರೂ ಅವರು ಹೇಳಿಕೊಳ್ಳುತ್ತಿದ್ದದ್ದು, “ನಾ ಜಾರ್ಜನ ಅಪ್ಪ ಮಾತಾಡೂದ್ರಿ” ಅಂತಲೇ. ಆಮೇಲೆ ಆ ಕಡೆಯವರು ತಬ್ಬಿಬ್ಬಾಗಲಿ ಎಂದು ಸ್ವಲ್ಪ ಹೊತ್ತು ಸುಮ್ಮನಿರುತ್ತಿದ್ದರು.

ನಾನು ಮೈಸೂರಿನಿಂದ ಹ್ಯೂಸ್ಟನ್ನಿಗೆ ಎಂ.ಎಸ್. ಓದಲು ಬಂದಾಗ ಅವರ ಮನೆಯ ಮಹಡಿ ಕೋಣೆಯಲ್ಲಿ ಬಾಡಿಗೆಗಿದ್ದೆ. ಗಂಡ ಹೆಂಡತಿಯನ್ನು ಅಂಕಲ್, ಆಂಟಿ ಅನ್ನುತ್ತಿದ್ದೆ. ಅಂಕಲ್ ಗದಗದ ಕಡೆಯವರು. ಎಣ್ಣೆ ಕಂಪನಿಗಳಿಗೆ ಪೈಪುಗಳ ನಕ್ಷೆ ಮಾಡಿಕೊಡುವ ಆಫೀಸಿನಲ್ಲಿ ಕೆಲಸ. ಎತ್ತರದ ಆಳು, ಸ್ವಲ್ಪ ಬಾಗಿದ ಬೆನ್ನು, ದಪ್ಪ ಕನ್ನಡಕ. ಕೈಗಳು ಯಾವಾಗಲೂ ಪ್ಯಾಂಟಿನ ಜೇಬಿನಲ್ಲಿ. ದಾರಿ ಕೇಳಿದರೆ ಗದ್ದ ಎತ್ತಿ ಆ ಕಡೆ ತೋರಿಸುತ್ತಿದ್ದರೇ ಹೊರತು ಕೈ ಹೊರಗೆ ಬರುತ್ತಿರಲಿಲ್ಲ. ಮಗನಿಗೆ ಚಂದ್ರನನ್ನು ತೋರಿಸುವಾಗಲೂ ಅಷ್ಟೇ. ಅವನ ಗಲ್ಲ ಹಿಡಿದು ಮುಖವನ್ನೇ ಚಂದ್ರನ ಕಡೆ ತಿರುಗಿಸುತ್ತಿದ್ದರು. ಕೆಲವರ ಅಭ್ಯಾಸ ಹಾಗೆ ಅಂದುಕೊಂಡಿದ್ದೆ.

ಇನ್ನೊಂದು ಅಭ್ಯಾಸ, ಏನೇ ಆದರೂ “ನಂದ ತಪ್ಪ ಬಿಡ್ರಿ” ಅನ್ನುವುದು. ಆಂಟಿಯ ಕೈಯಲ್ಲಿ ಸಾರಿಗೆ ಉಪ್ಪು ಜಾಸ್ತಿಯಾದರೆ ಅವರದ್ದೇ ತಪ್ಪು. ನಾನು ಬೀಗದ ಕೈ ಕಳೆದುಕೊಂಡರೆ ಅವರದ್ದೇ ತಪ್ಪು. ಕ್ರಿಕೆಟ್‌ನಲ್ಲಿ ಇಂಡಿಯಾ ಸೋತರೂ ಇವರದ್ದೇ ಇರಬೇಕು ಅಂತ ಭಾನುವಾರ ಮ್ಯಾಚ್ ನೋಡಲು ಬರುತ್ತಿದ್ದ ಗೆಳೆಯರು ತಮಾಷೆ ಮಾಡುತ್ತಿದ್ದರು. ಅವರೂ ನಗುತ್ತಿದ್ದರು. ನಗುತ್ತಲೇ, “ಹೌದ್ರಿ, ನಾ ಎದ್ದು ಚಹಾ ಮಾಡಾಕ ಹೋಗಬಾರದಿತ್ತು” ಅನ್ನುತ್ತಿದ್ದರು.

ನಾನು ಅವರ ಮನೆಗೆ ಬಂದ ದಿನ ನಾಲ್ಕೈದು ವರ್ಷದ ಹುಡುಗನೊಬ್ಬ ಮೆಟ್ಟಿಲ ಮೇಲೆ ಕೂತು ನನ್ನ ಸೂಟ್‌ಕೇಸಿನ ಚಕ್ರ ತಿರುಗಿಸುತ್ತಿದ್ದ. “ಏನು ಪುಟ್ಟ ನಿನ್ನ ಹೆಸರು?” ಅಂದೆ. “ಜಾರ್ಜ್” ಅಂದ. ಸ್ಕೂಲಿನವರು ಕರೆಯುವ ಹೆಸರಿರಬೇಕೆಂದು, “ಅದಲ್ಲ, ಮನೇಲಿ ಏನಂತಾರೆ?” ಅಂದೆ. ಅವನು ನನ್ನನ್ನು ದಡ್ಡಿಯನ್ನು ನೋಡಿದ ಹಾಗೆ ನೋಡಿ, “ಜಾರ್ಜ್” ಎಂದು ಇನ್ನೂ ನಿಧಾನವಾಗಿ ಹೇಳಿದ.

ಆವತ್ತೇ ಊಟದ ಹೊತ್ತಿಗೆ ಆಂಟಿ ಬಿಸಿ ರೊಟ್ಟಿ ನನ್ನ ತಟ್ಟೆಗೆ ಹಾಕುತ್ತಾ ಅದರ ಕಥೆ ಹೇಳಿದರು. ಅವರ ಮದುವೆಯಾಗಿ ಹ್ಯೂಸ್ಟನ್ನಿಗೆ ಬಂದ ವರ್ಷ ಒಂದು ದೊಡ್ಡ ಮಳೆ ಬಂದಿತ್ತಂತೆ. ಸಂಜೆ ಆಫೀಸಿನಿಂದ ಬರುವಾಗ ಅಂಕಲ್ ಕಾರು ಫ್ರೀವೇ ಕೆಳಗಿನ ಅಂಡರ್‌ಪಾಸಿನಲ್ಲಿ ನಿಂತುಹೋಯಿತು. ನೀರು ನೋಡನೋಡುತ್ತಿದ್ದ ಹಾಗೆ ಸೀಟಿನವರೆಗೆ, ಎದೆಯವರೆಗೆ ಬಂತು. ಬಾಗಿಲು ತೆರೆಯಲಿಲ್ಲ. ಯಾರೋ ಒಬ್ಬ ಮನುಷ್ಯ ಕಬ್ಬಿಣದ ಸಲಾಕೆಯಿಂದ ಕಿಟಕಿ ಒಡೆದು, ಕಾಲರ್ ಹಿಡಿದು ಎಳೆದು, ಮೇಲಿನ ಇಳಿಜಾರಿಗೆ ತಂದು ಹಾಕಿದ. ಕೆಲಸಗಾರರು ಹಾಕುವ ನೀಲಿ ಅಂಗಿ, ಜೇಬಿನ ಮೇಲೆ ದಾರದಲ್ಲಿ ಹೊಲಿದ ಹೆಸರು: ಜಾರ್ಜ್. ಅಷ್ಟೇ ಕಂಡದ್ದು. ಆಮೇಲೆ ಬೋಟಿನವರು ಬಂದು ಇವರನ್ನು ಕರೆದುಕೊಂಡು ಹೋದರು. ಆ ಮನುಷ್ಯ ಮತ್ತೆ ಕಾಣಲಿಲ್ಲ.

“ಮರುದಿನದಿಂದ ಪೇಪರ್ ನೋಡಿದ್ದ ನೋಡಿದ್ದು” ಅಂದರು ಆಂಟಿ. “ತೀರಿಕೊಂಡವರೊಳಗ ಜಾರ್ಜ್ ಅಂತ ಒಬ್ಬರೂ ಇರಲಿಲ್ಲ.”

“ಅಂದ್ರ ಆರಾಮ ಅದಾನ” ಅಂದರು ಅಂಕಲ್, ಚಟ್ನಿಪುಡಿಗೆ ಎಣ್ಣೆ ಹಾಕಿಕೊಳ್ಳುತ್ತಾ. “ಈ ಊರಾಗ ಎಲ್ಲೋ ಅದಾನ. ಒಂದಿನ ಸಿಗ್ತಾನ.”

ಮುಂದಿನ ವರ್ಷ ಗಂಡು ಮಗು ಹುಟ್ಟಿದಾಗ ಅವರು ಬೇರೆ ಹೆಸರನ್ನು ಕೇಳಲೇ ಒಲ್ಲೆ ಎಂದರಂತೆ. ತೊಟ್ಟಿಲಿಗೆ ಹಾಕುವ ದಿನ ಗದಗದಿಂದ ಬಂದಿದ್ದ ಅವರ ಅಕ್ಕ, ಮಗುವಿನ ಕಿವಿಯಲ್ಲಿ ಆ ಹೆಸರು ಹೇಳಲು ನಾಚಿಕೊಂಡು ಮೂರು ಸಲ ಸೆರಗು ಬಾಯಿಗೆ ಒತ್ತಿಕೊಂಡಳಂತೆ. ಅವರ ತಾಯಿಗೆ ಫೋನಿನಲ್ಲೇ ಸಿಟ್ಟು. ಜಾತಿ ಬಿಟ್ಟಿಯಾ ಅಂತ ಕೇಳಿದರು. ಅಂಕಲ್ ಅಷ್ಟು ಹೊತ್ತಿಗೆ ಲೈಬ್ರರಿಗೆ ಹೋಗಿ ಆ ಹೆಸರಿನ ಬುಡ ಹುಡುಕಿದ್ದರು. ಗ್ರೀಕ್ ಮಾತು. ಭೂಮಿ ಅನ್ನುವ ಪದ, ಕೆಲಸ ಅನ್ನುವ ಪದ ಎರಡೂ ಕೂಡಿ ಆದದ್ದು.

“ಯವ್ವಾ, ಜಾರ್ಜ್ ಅಂದ್ರ ಒಕ್ಕಲುತನ ಮಾಡಾವ ಅಂತ. ಹೊಲದಾಗ ದುಡಿಯಾವ.”

ಆ ಕಡೆಯಿಂದ ಮುದುಕಿ, “ಹಂಗಂದ್ರ ನಮ್ಮ ಮನಿತನದ್ದ ಹೆಸರ ಐತಲ್ಲೋ ಅದು” ಅಂದಳಂತೆ. ಕೊನೆಯವರೆಗೂ ಮೊಮ್ಮಗನನ್ನು ಜಾರ್ಜಪ್ಪ ಅಂತಲೇ ಕರೆದಳಂತೆ.

ಅಂಕಲ್‌ಗೆ ಆ ಹೆಸರಿನ ಮೇಲಿದ್ದ ಪ್ರೀತಿ ಬರೀ ಋಣದ್ದಾಗಿರಲಿಲ್ಲ. ಅದರ ರುಚಿಯೇ ಅವರಿಗೆ ಹತ್ತಿತ್ತು. “ನೋಡ ತಂಗಿ, ಜ-ದಿಂದ ಶುರು, ಜ-ಕ್ಕ ಮುಗೀತು. ಬಾಗಲಾ ತಗದು ಬಾಗಲಾ ಹಾಕಿದಂಗ” ಅನ್ನುತ್ತಿದ್ದರು. “ರಾಜರಿಗೂ ಇಟ್ಟಾರ, ಲಾರಿ ಹೊಡಿಯೋರಿಗೂ ಇಟ್ಟಾರ. ಯಾರಿಗೂ ದೊಡ್ಡದಾಗಂಗಿಲ್ಲ, ಯಾರಿಗೂ ಸಣ್ಣದಾಗಂಗಿಲ್ಲ. ಹಳೇ ಆಗೂದೂ ಇಲ್ಲ. ಇಂಥಾ ಹೆಸರ ನಮ್ಮಾಗ ಎಷ್ಟ ಅದಾವ ಹೇಳು.” ನಾನು ರಾಮ, ಬಸವ ಅಂತೇನೋ ಹೇಳಿದೆ. “ಹ್ಞಾ, ಅದ ಸಾಲಿನ್ಯಾಗ ಇದು” ಅಂದರು.

ಮತಾಂತರವಾದಿರಾ ಎಂದು ಸುತ್ತಿ ಬಳಸಿ ಕೇಳುವ ನಮ್ಮವರಿಗೆ ಅವರು ಏನೂ ವಿವರಿಸುತ್ತಿರಲಿಲ್ಲ. “ನಂದ ತಪ್ಪ ಬಿಡ್ರಿ. ಇನ್ನೊಂದಾದ್ರ ನೀವ ಹೆಸರಿಡ್ರಂತ” ಎಂದು ಸಾಗಹಾಕುತ್ತಿದ್ದರು. ಆದರೆ ಊರಿನಲ್ಲಿ ಯಾರೇ ಜಾರ್ಜ್ ಸಿಕ್ಕರೂ ಬಿಡುತ್ತಿರಲಿಲ್ಲ. ಒಂದು ಸಲ ಹಾರ್ಡ್‌ವೇರ್ ಅಂಗಡಿಯ ಕೌಂಟರಿನಲ್ಲಿ ಬಿಳಿ ಮೀಸೆಯ ಮುದುಕರೊಬ್ಬರು ಎದೆಗೆ ಆ ಹೆಸರು ಸಿಕ್ಕಿಸಿಕೊಂಡು ನಿಂತಿದ್ದರು. ಅಂಕಲ್ ಹೋಗಿ, “ನಿಮ್ಮ ಹೆಸರಿನ ಅರ್ಥ ಗೊತ್ತಾ ಸರ್?” ಎಂದು ಇಂಗ್ಲಿಷಿನಲ್ಲಿ ಕೇಳಿದರು. ಮುದುಕರು ಯೋಚಿಸಿ, “ನಮ್ಮ ತಾತನ ಹೆಸರು ಅಂತ ಅರ್ಥ” ಅಂದರು. “ಅಲ್ಲ, ರೈತ ಅಂತ” ಅಂದರು ಇವರು. ಮುದುಕರು ತಮ್ಮ ಹಿಂದಿದ್ದ ಕಪಾಟಿನತ್ತ ನೋಡಿ, “ಗಿಡಕ್ಕೆ ನೀರು ಬಿಡೋ ಪೈಪು ಮಾರ್ತೀನಲ್ಲ, ಸಾಕಾ?” ಅಂದರು. ಮನೆಗೆ ಬರುವವರೆಗೂ ಅಂಕಲ್ ಅದನ್ನೇ ಹೇಳಿಕೊಂಡು ನಕ್ಕರು. ಮನೆ ಹತ್ತಿರ ಬಂದಾಗ ಮಾತ್ರ, “ಅವನಲ್ಲ. ಅವ ಗಿಡ್ಡ ಇದ್ದ, ವಯಸ್ಸೂ ಕಡಿಮಿ” ಅಂದರು. ಅವರು ನಿಜವಾಗಿಯೂ ಹುಡುಕುತ್ತಿದ್ದಾರೆಂದು ನನಗೆ ಗೊತ್ತಾದದ್ದು ಆಗ.

ಆ ಅಂಡರ್‌ಪಾಸಿನ ದಾರಿಗೆ ಅವರು ಮತ್ತೆ ಹೋಗಲೇ ಇಲ್ಲ. ಆಫೀಸಿಗೆ ಎಷ್ಟೋ ಮೈಲಿ ಸುತ್ತಿಕೊಂಡು ಹೋಗುತ್ತಿದ್ದರು. ನಾನು ಎರಡನೇ ವರ್ಷ ಒಂದು ಹಳೇ ಕಾರು ತೆಗೆದುಕೊಂಡು ಹೊಸದಾಗಿ ಡ್ರೈವ್ ಮಾಡಲು ಕಲಿತಿದ್ದೆ. ಒಂದು ಶನಿವಾರ ಎಲ್ಲೋ ತಪ್ಪು ತಿರುವು ತೆಗೆದುಕೊಂಡು ಆಂಟಿ ಹೇಳಿದ್ದ ಅದೇ ಅಂಡರ್‌ಪಾಸಿಗೆ ಬಂದುಬಿಟ್ಟೆ. ಮೇಲಿನ ಇಳಿಜಾರಿನ ಹುಲ್ಲಿನಲ್ಲಿ ರಸ್ತೆಯಲ್ಲಿ ಸತ್ತವರ ನೆನಪಿಗೆ ಇಲ್ಲಿಯವರು ನೆಡುವಂಥ ಒಂದು ಮರದ ಶಿಲುಬೆ ಇತ್ತು. ಒಬ್ಬ ಹೆಂಗಸು ಮೊಣಕಾಲೂರಿ ಅದಕ್ಕೆ ಬಿಳಿ ಬಣ್ಣ ಹಚ್ಚುತ್ತಿದ್ದಳು. ಹತ್ತು ಹನ್ನೊಂದರ ಹುಡುಗಿಯೊಬ್ಬಳು ಬಣ್ಣದ ಡಬ್ಬಿ ಹಿಡಿದು ಪಕ್ಕದಲ್ಲಿ ನಿಂತಿದ್ದಳು. ನಾನು ಕಾರನ್ನು ಪೆಟ್ರೋಲ್ ಬಂಕಿನಲ್ಲಿ ನಿಲ್ಲಿಸಿ ನಡೆದು ಹೋದೆ. ಇಲ್ಲಿ ಬೇರೆ ಯಾರೋ ಸತ್ತಿದ್ದಾರೆ, ಯಾರಿರಬಹುದು ಎಂಬ ಕುತೂಹಲ ಅಷ್ಟೇ.

“ನಮ್ಮಪ್ಪ” ಅಂದಳು ಹುಡುಗಿ. “ದೊಡ್ಡ ಮಳೆ ಬಂದಾಗ ಕಾರಿನಿಂದ ಜನರನ್ನ ಎಳೀತಿದ್ದ.”

ನಾನು ಕೇಳಿಬಿಟ್ಟೆ: “ಜಾರ್ಜ್ ಅಂತಾನಾ ಹೆಸರು?”

“ಅಲ್ಲ. ರಾಮಿರೋ.” ಅವಳು ತಾಯಿಗೆ ಸ್ಪ್ಯಾನಿಷ್‌ನಲ್ಲಿ ಏನೋ ಹೇಳಿದಳು. ತಾಯಿ ಕುಂಚ ಹಿಡಿದುಕೊಂಡೇ ನನ್ನ ಕಡೆ ತಿರುಗಿ ನಿಧಾನವಾಗಿ ಉತ್ತರ ಕೊಟ್ಟರು. ಹುಡುಗಿ ಅದನ್ನು ಇಂಗ್ಲಿಷಿಗೆ ಮಾಡಿ ಹೇಳಿದಳು: “ಅಂಗಿ ಮೇಲೆ ಜಾರ್ಜ್ ಅಂತ ಇತ್ತಂತೆ. ಅಮ್ಮ ಸೆಕೆಂಡ್‌ಹ್ಯಾಂಡ್ ಅಂಗಡಿಯಿಂದ ತಂದ ಅಂಗಿ. ಹೆಸರು ಬಿಚ್ಚಿಕೊಡ್ತೀನಿ ಅಂದ್ರೆ ಅಪ್ಪ ಬೇಡ ಅಂದನಂತೆ. ಹೇಗೂ ಮೇಸ್ತ್ರಿಗೆ ನನ್ನ ಹೆಸರು ಬಾಯಿಗೆ ಬರಲ್ಲ, ಇರ್ಲಿ ಅಂದನಂತೆ.”

ನಾನು ಅವರ ಫೋನ್ ನಂಬರ್ ತೆಗೆದುಕೊಂಡೆ. ಯಾಕೆಂದು ಕೇಳಿದ್ದಕ್ಕೆ, ರಾಮಿರೋ ಎಳೆದು ಉಳಿಸಿದವರಲ್ಲಿ ಒಬ್ಬರು ನನಗೆ ಗೊತ್ತು ಅಂದೆ. ಆ ತಾಯಿ ನನ್ನ ಕೈಯನ್ನು ತಮ್ಮ ಬಣ್ಣದ ಕೈಯಲ್ಲೇ ಹಿಡಿದುಕೊಂಡರು.

ಮನೆಗೆ ಬಂದಾಗ ಅಂಕಲ್ ಅಡುಗೆಮನೆಯಲ್ಲಿ ಹಿಟ್ಟು ನಾದುತ್ತಿದ್ದರು. ನಾನು ನಿಂತಲ್ಲೇ ಎಲ್ಲ ಹೇಳಿಬಿಟ್ಟೆ. ದೊಡ್ಡ ಉಪಕಾರ ಮಾಡುತ್ತಿದ್ದೇನೆ ಅನ್ನುವ ಉತ್ಸಾಹ ನನ್ನದು. ಅವರ ಕೈ ಹಿಟ್ಟಿನೊಳಗೇ ನಿಂತಿತು.

“ಹಂಗಾರ ಅವ ಸತ್ತಾನ” ಅಂದರು.

“ಹ್ಞೂ ಅಂಕಲ್.”

“ಅವತ್ತ? ಅಲ್ಲೇ?”

“ಹ್ಞೂ.”

ಅವರು ನಲ್ಲಿ ಬಿಟ್ಟು ಬಹಳ ಹೊತ್ತು ಕೈ ತೊಳೆದರು. ಆಮೇಲೆ, “ಹುಡುಗಿ ಎಷ್ಟ ದೊಡ್ಡದೈತಿ?” ಎಂದು ಕೇಳಿ, ನಾನು ಹೇಳಿದ್ದನ್ನು ಕೇಳಿಸಿಕೊಂಡು ಹಿತ್ತಲಿಗೆ ಹೋದರು. ಅಷ್ಟು ಹೊತ್ತಿಗೆ ನನಗೆ ಹೊಳೆಯಿತು. ಆ ದಿನದವರೆಗೆ ಅವರ ಪಾಲಿಗೆ ಆ ಮನುಷ್ಯ ಊರಿನಲ್ಲೆಲ್ಲೋ ಬದುಕಿದ್ದ, ಅಂಗಡಿಯಲ್ಲೋ ಗ್ಯಾರೇಜಿನಲ್ಲೋ ಒಂದಿನ ಸಿಗುವವನಿದ್ದ. ಹಿಟ್ಟು ನಾದುತ್ತಿದ್ದವರ ಮುಂದೆ ನಿಂತು ನಾನು ಅವನನ್ನು ಒಂದೇ ಮಾತಿಗೆ ಇಲ್ಲವಾಗಿಸಿದ್ದೆ.

ಮುಂದಿನ ವಾರಗಳಲ್ಲಿ ಅಂಕಲ್ ಮತ್ತು ಆಂಟಿಗೆ ಮಗನ ಹೆಸರಿನ ಮೇಲೆ ಜಗಳವಾಯಿತು. ಹೆಸರು ಬದಲಾಯಿಸಬೇಕು, ಸರಿಯಾದ ಹೆಸರಿಡಬೇಕು ಎಂದು ಇವರು. “ಯಾರೋ ಹಾಕ್ಕೊಂಡ ಬಿಟ್ಟ ಅಂಗಿ ಹೆಸರ ನಾ ಮಗನಿಗೆ ಇಟ್ಟೀನಿ. ನನ್ನ ಜೀವಾ ಉಳಿಸಿದಾವನ ಹೆಸರೂ ನನಗ ಗೊತ್ತಿರಲಿಲ್ಲ” ಅನ್ನುತ್ತಿದ್ದರು. ಆಂಟಿ ಜಗ್ಗಲಿಲ್ಲ. “ಕೂಸು ಐದು ವರ್ಷದಿಂದ ಆ ಹೆಸರಿಗೆ ಓಡಿ ಬರ್ತೈತಿ. ನಿಮ್ಮ ಸಂಕಟಕ್ಕ ಅವನ ಹೆಸರ ಯಾಕ ಕಸಗೋತೀರಿ” ಅಂದರು. ಅಲ್ಲಿಗೆ ಅದು ನಿಂತಿತು.

ಆದರೆ ರಾಮಿರೋ ಮನೆಗೆ ಅಂಕಲ್ ಹೋಗಲಿಲ್ಲ. ಫೋನೂ ಮಾಡಲಿಲ್ಲ. ಈ ಭಾನುವಾರ ಹೋಗುತ್ತಾರೆ, ಮುಂದಿನ ಭಾನುವಾರ ಹೋಗುತ್ತಾರೆ ಎಂದು ಕಾದೆ. ಒಂದೇ ಬದಲಾವಣೆ ಕಂಡದ್ದು ಹೋಟೆಲುಗಳಲ್ಲಿ, ಅಂಗಡಿಗಳಲ್ಲಿ. ಎದೆಯ ಮೇಲೆ ಹೆಸರಿನ ಪಟ್ಟಿ ಹಾಕಿಕೊಂಡವರು ಯಾರು ಸಿಕ್ಕರೂ, “ಇದು ನಿಮ್ಮದೇ ಹೆಸರಾ?” ಎಂದು ಕೇಳತೊಡಗಿದರು. ಬಹಳ ಜನ ನಗುತ್ತಿದ್ದರು. ಒಮ್ಮೊಮ್ಮೆ ಯಾರಾದರೂ, ಅಲ್ಲ, ನನ್ನದು ಇವತ್ತು ಮರೆತು ಬಂದೆ ಅನ್ನುತ್ತಿದ್ದರು. ಆಗ ಅವರ ನಿಜವಾದ ಹೆಸರು ಕೇಳಿಕೊಂಡೇ ಮುಂದಿನ ಮಾತು.

ನನ್ನ ಓದು ಮುಗಿದು ಆಸ್ಟಿನ್ನಿನಲ್ಲಿ ಕೆಲಸ ಸಿಕ್ಕಿತು. ಮದುವೆಯಾಗಿ ಡಲ್ಲಾಸ್ ಪಕ್ಕದ ಇರ್ವಿಂಗಿಗೆ ಶಿಫ್ಟ್ ಆದೆ. ಇತ್ತ ರಾಮಿರೋ ಮಗಳು ಹಬ್ಬಕ್ಕೊಂದು ಮೆಸೇಜ್ ಕಳಿಸುತ್ತಿದ್ದಳು. ಅವಳು ದೊಡ್ಡವಳಾಗಿ ಡಲ್ಲಾಸ್ ಏರ್‌ಪೋರ್ಟಿನಲ್ಲಿ ಕೆಲಸಕ್ಕೆ ಸೇರಿದಾಗ ತಾಯಿ ಮಗಳಿಬ್ಬರೂ ಯೂಲೆಸ್‌ಗೆ ಬಂದರು, ನಮ್ಮ ಮನೆಯಿಂದ ಹತ್ತಿರವೇ. ಅಂಕಲ್‌ಗೆ ಫೋನಿನಲ್ಲಿ ಹೇಳಿದೆ. “ಹೌದಾ” ಎಂದು ಮಾತು ಬದಲಾಯಿಸಿ ನಮ್ಮ ಕಡೆ ಬಿಸಿಲು ಹೇಗಿದೆ ಎಂದು ಕೇಳಿದರು. ನನಗೆ ಸಿಟ್ಟೇ ಬಂತು. ಜೀವ ಉಳಿಸಿದವನ ಹೆಂಡತಿಗೆ ಒಂದು ಥ್ಯಾಂಕ್ಸ್ ಹೇಳಲಾಗದ ಮನುಷ್ಯ, ಮಗನಿಗೆ ಹೆಸರಿಟ್ಟು ಏನು ಬಂತು ಎಂದು ಗಂಡನ ಹತ್ತಿರ ಗೊಣಗಿದೆ.

ಕೆಲವು ವರ್ಷ ಹೀಗೇ ಹೋದವು. ಒಂದು ಶುಕ್ರವಾರ ಮಧ್ಯಾಹ್ನ ಅಂಕಲ್ ಒಬ್ಬರೇ ಹ್ಯೂಸ್ಟನ್ನಿನಿಂದ ಕಾರು ಓಡಿಸಿಕೊಂಡು ಬಂದು ನಮ್ಮ ಬಾಗಿಲಲ್ಲಿ ನಿಂತಿದ್ದರು. ಕೂದಲು ಪೂರ್ತಿ ಬೆಳ್ಳಗಾಗಿತ್ತು. ಜಾರ್ಜನಿಗೆ ಡ್ರೈವಿಂಗ್ ಲೈಸೆನ್ಸ್ ಬಂದಿದೆ, ಮೊನ್ನೆ ಮಳೆಯಲ್ಲಿ ಕಾರು ತೆಗೆದುಕೊಂಡು ಹೋದವನು ಹೇಳಿದ ಹೊತ್ತಿಗೆ ಬರಲಿಲ್ಲ, ಫೋನೂ ಎತ್ತಲಿಲ್ಲ ಅಂದರು. “ಕಿಡಕಿ ಹಂತ್ಯಾಕ ನಿಂತಿದ್ದೆ ತಂಗಿ. ಹಿಂಗ ಆಕಿನೂ ನಿಂತಿರ್ತಾಳ ಅನ್ನಿಸ್ತು. ನನ್ನ ಮಗಾ ಬಂದ. ಆಕಿ ಗಂಡ ಬರಲಿಲ್ಲ.” ಸ್ವಲ್ಪ ನೀರು ಕುಡಿದು, “ನಾಳೆ ನನ್ನ ಅಲ್ಲಿಗೆ ಕರಕೊಂಡ ಹೋಗ್ತೀಯೇನ?” ಎಂದು ಕೇಳಿದರು.

ಯೂಲೆಸ್‌ನಲ್ಲಿ ತಾಯಿ ಮಗಳದು ಚಿಕ್ಕ ಮನೆ. ವಿಮಾನಗಳು ಛಾವಣಿ ತಾಗುವ ಹಾಗೆ ಹೋಗುತ್ತವೆ. ಒಂದೊಂದು ಹೋದಾಗಲೂ ಮಾತು ನಿಲ್ಲಿಸಿ ಕಾಯಬೇಕು. ಆ ತಾಯಿ ಒಂದು ಸ್ಕೂಲಿನ ಕ್ಯಾಂಟೀನಿನಲ್ಲಿ ಅಡುಗೆ ಮಾಡುತ್ತಿದ್ದರು. ಮೇಜಿನ ಮೇಲೆ ಸಿಹಿ ಬ್ರೆಡ್ಡು, ಕಾಫಿ ಇಟ್ಟಿದ್ದರು. ಅಪ್ಪ ಉಳಿಸಿದ ಮನುಷ್ಯ ಕೊನೆಗೂ ಬಂದ ಎಂದು ಮಗಳು ಸಂಭ್ರಮದಲ್ಲಿದ್ದಳು. ಅಂಕಲ್ ಕೂರಲಿಲ್ಲ. ನಿಂತೇ ಇಂಗ್ಲಿಷಿನಲ್ಲಿ ಶುರುಮಾಡಿದರು. ಮಗಳು ತಾಯಿಗೆ ಸ್ಪ್ಯಾನಿಷ್ ಮಾಡಿ ಹೇಳುತ್ತಾ ಹೋದಳು.

“ನಿಮ್ಮ ಗಂಡ ನನ್ನನ್ನು ಮೇಲೆ ತಂದು ಹಾಕಿದ ಮೇಲೆ ಒಂದು ಮಾತು ಕೇಳಿದರು. ಇನ್ನೂ ಯಾರಾದರೂ ಇದ್ದಾರಾ ಅಂತ. ನನ್ನ ಹಿಂದೆ ಒಂದು ಬಿಳಿ ಕಾರಿತ್ತು. ಅದರ ದೀಪ ನೀರಿನ ಒಳಗೇ ಉರೀತಿತ್ತು. ನಾನು ಅದನ್ನ ತೋರಿಸಿದೆ.” ಅವರ ಕೈ ಜೇಬಿನಿಂದ ಹೊರಗೆ ಬಂತು. ತೋರುಬೆರಳು ಚಾಚಿ, ಎದುರಿನ ಗೋಡೆಯತ್ತ ಹಿಡಿದರು. “ಹೀಗೆ.”

ನಾನು ಆ ಬೆರಳನ್ನು ಹಾಗೆ ನೋಡಿದ್ದು ಅದೇ ಮೊದಲು.

“ಅವರು ಆ ಕಡೆ ಹೋದರು. ಬಂದದ್ದನ್ನ ನಾನು ನೋಡಲಿಲ್ಲ. ನಮ್ಮನ್ನೆಲ್ಲ ಒಂದು ಶಾಲೆಯಲ್ಲಿ ಇಟ್ಟಿದ್ದರು. ಅಲ್ಲಿ ಒಬ್ಬ ತನ್ನ ಬಿಳಿ ಕಾರು ಮುಳುಗಿತು ಅಂತ ಎಲ್ಲರಿಗೂ ಹೇಳ್ತಿದ್ದ. ನೀರು ಏರೋ ಮೊದಲೇ ಇಳಿದು ಬಂದಿದ್ದನಂತೆ. ಕಾರಿನಲ್ಲಿ ಯಾರೂ ಇರಲಿಲ್ಲ. ನಾನು ನಿಮ್ಮ ಗಂಡನನ್ನ ಖಾಲಿ ಕಾರಿಗೆ ಕಳಿಸಿದೆ.”

ಮಗಳು ಕೊನೆಯ ಮಾತನ್ನು ಸ್ಪ್ಯಾನಿಷ್‌ನಲ್ಲಿ ಹೇಳಲಿಲ್ಲ. ತಾಯಿಗೆ ಅಷ್ಟು ಇಂಗ್ಲಿಷ್ ಅರ್ಥವಾಗಿತ್ತು. ಒಂದು ವಿಮಾನ ಹೋಯಿತು. ಅಂಕಲ್‌ದೇನೂ ತಪ್ಪಿಲ್ಲ, ಕತ್ತಲಲ್ಲಿ ಯಾರಿಗೆ ಗೊತ್ತಾಗುತ್ತೆ ಎಂದು ಹೇಳಲು ನಾನು ಬಾಯಿ ತೆರೆದೆ. ಆ ತಾಯಿ ನನ್ನ ಕಡೆ ಕೈಯೆತ್ತಿ ತಡೆದರು. ಆಮೇಲೆ ಅಂಕಲ್ ಮುಖ ನೋಡಿಕೊಂಡು ಮಗಳ ಸಹಾಯವಿಲ್ಲದೆ, ತಮ್ಮ ಇಂಗ್ಲಿಷಿನಲ್ಲೇ ಹೇಳಿದರು.

“ಇಷ್ಟು ವರ್ಷ ನನಗೆ ಅವನ ಮೇಲೆ ಕೋಪ. ಮನೆಯಲ್ಲಿ ಮಗು ಇತ್ತು. ಒಬ್ಬನ್ನ ಉಳಿಸಿದ, ಸರಿ. ಮತ್ತೆ ಯಾಕೆ ಹೋದ? ತಾನಾಗಿ ತಾನೇ ಯಾಕೆ ಹೋದ? ಪ್ರತಿ ವರ್ಷ ಶಿಲುಬೆಗೆ ಬಣ್ಣ ಹಚ್ಚೋವಾಗ ಬೈತಾ ಹಚ್ತಿದ್ದೆ.” ಉಸಿರು ತೆಗೆದುಕೊಂಡರು. “ಇನ್ನು ಮೇಲೆ ಅವನ ಮೇಲೆ ಕೋಪ ಮಾಡ್ಕೊಳ್ಳಲ್ಲ. ನಿನ್ನ ಮೇಲೆ ಮಾಡ್ಕೊತೀನಿ.”

“ಯೆಸ್ ಮ್ಯಾಮ್” ಅಂದರು ಅಂಕಲ್.

ಕಾಫಿ ಮೇಜಿನ ಮೇಲೇ ಆರಿತು. ನಾವು ಹೊರಗೆ ಬಂದೆವು. ದಾರಿಯಲ್ಲಿ ನಾನು ಡ್ರೈವ್ ಮಾಡುತ್ತಿದ್ದೆ. ಇವರೊಬ್ಬ ಕೃತಘ್ನ ಎಂದು ಎಷ್ಟು ವರ್ಷ ಅಂದುಕೊಂಡಿದ್ದೆನಲ್ಲ ಎಂದು ನನ್ನ ಮುಖ ನನಗೇ ಬಿಸಿಯಾಗಿತ್ತು. ಅವರು ಮಾತ್ರ ಕಿಟಕಿಗೆ ತಲೆ ಆನಿಸಿ, “ತಂಗಿ, ಎಲ್ಲಾರೂ ನಿಂದೇನ ತಪ್ಪಿಲ್ಲ, ನಿಂದೇನ ತಪ್ಪಿಲ್ಲ ಅಂತಾರ. ಆಕಿ ಒಬ್ಬಾಕಿ ಸರಿಯಾಗಿ ಬೈದ್ಲು” ಅಂದರು. ಆವತ್ತು ನಮ್ಮ ಮನೆಯಲ್ಲಿ ಎರಡು ಸಲ ಅನ್ನ ಹಾಕಿಸಿಕೊಂಡು ಉಂಡರು.

ಆಮೇಲೆ ವರ್ಷಕ್ಕೊಂದೆರಡು ಸಲ ಬರುತ್ತಿದ್ದರು. ಆ ತಾಯಿಯ ಕೋಪ ಇಳಿಯಿತೆಂದು ಹೇಳಲಾರೆ. ಅವರು ಬಾಗಿಲು ತೆರೆದು ಒಳಗೆ ಬಿಡುತ್ತಿದ್ದರು, ಏನಾದರೂ ಕೆಲಸ ಹೇಳುತ್ತಿದ್ದರು. ಸೋರುವ ನಲ್ಲಿ, ಬಿದ್ದ ಬೇಲಿಯ ಹಲಗೆ. ಇವರು ತೋಳು ಮಡಚಿ ಮಾಡುತ್ತಿದ್ದರು. ಬೇಲಿ ಸೊಟ್ಟಗಿದೆ ಎಂದು ಅವರು ಬೈದರೆ ಬಿಚ್ಚಿ ಮತ್ತೆ ಹಾಕುತ್ತಿದ್ದರು. ಕಾಫಿ ಎರಡನೇ ವರ್ಷದಿಂದ ಸಿಗತೊಡಗಿತು.

ಆದರೆ ಮಗನನ್ನು ಒಂದು ಸಲವೂ ಕರೆತರಲಿಲ್ಲ. ಅವನಿಗೆ ಏನನ್ನೂ ಹೇಳಿರಲೂ ಇಲ್ಲ. ಹೇಳಿದ್ದು ಅವನು ಆಸ್ಟಿನ್ನಿನಲ್ಲಿ ಯೂನಿವರ್ಸಿಟಿಗೆ ಸೇರಿದ ದಿನ. ನಾನೂ ಆಫೀಸಿನ ಕೆಲಸದ ಮೇಲೆ ಅಲ್ಲಿಗೆ ಹೋಗಿದ್ದೆ. ಹಾಸ್ಟೆಲಿನ ಮುಂದೆ ಓಕ್ ಮರದ ಕೆಳಗಿನ ಬೆಂಚಿನ ಮೇಲೆ ನಾವು ಮೂವರು ಕೂತಿದ್ದೆವು. ಆಂಟಿ ಒಳಗೆ ಅವನ ಹಾಸಿಗೆಗೆ ಹೊದಿಕೆ ಹಾಕುತ್ತಿದ್ದರು. ಅಂಕಲ್ ಅಂಡರ್‌ಪಾಸಿನಿಂದ ಹಿಡಿದು ಬೇಲಿಯವರೆಗೆ ಎಲ್ಲ ಹೇಳಿದರು. ಕೊನೆಗೆ, “ನಿನಗ ಹದಿನೆಂಟು ಆತು. ಹೆಸರ ಬದಲ ಮಾಡ್ಕೋಬೇಕಂದ್ರ ಮಾಡ್ಕೋ. ನಾ ತಪ್ಪ ಹೆಸರಿಟ್ಟೀನಿ” ಅಂದರು.

ಹುಡುಗ ಶೂ ಲೇಸು ಎಳೆಯುತ್ತಾ ಕೂತಿದ್ದ. “ಅಪ್ಪಾ, ಇಟ್ಸ್ ಜಸ್ಟ್ ಮೈ ನೇಮ್” ಅಂದ. ಆಮೇಲೆ, “ನಾನು ಅವರಲ್ಲ” ಎಂದು ಕನ್ನಡದಲ್ಲಿ ಸೇರಿಸಿದ. ಅವನು ಕನ್ನಡದಲ್ಲಿ ಮಾತಾಡುವುದೇ ಅಪರೂಪ.

“ಹೌದಪಾ. ನಂದ ತಪ್ಪ.”

“ಪ್ಲೀಸ್ ಡೋಂಟ್ ಸೇ ದಟ್.” ಲೇಸು ಕೈಬಿಟ್ಟು, “ಕ್ಯಾನ್ ಐ ಮೀಟ್ ಹರ್?” ಎಂದು ಕೇಳಿದ.

ಅಂಕಲ್ ಅಡ್ಡಡ್ಡ ತಲೆಯಾಡಿಸಿಬಿಟ್ಟರು. “ಬ್ಯಾಡ. ಆಕಿ ಮುಂದ ನಿನ್ನ ಹೆಂಗ ನಿಂದರಸ್ಲಿ? ನೋಡ್ರಿ, ನಿಮ್ಮ ಗಂಡ ಹ್ವಾದ, ನಂದು ಇಷ್ಟೆತ್ತರ ಬೆಳದೈತಿ ಅಂದಂಗ ಆಗ್ತೈತಿ.”

ಹುಡುಗ ನನ್ನ ಕಡೆ ನೋಡಿದ. ಯೂಲೆಸ್ ನಮ್ಮ ಮನೆಯಿಂದ ಎಷ್ಟು ಹತ್ತಿರ ಅಂತ ಅವನಿಗೆ ಗೊತ್ತಿತ್ತು. ನಾನು ತಂದೆ ಮಗನ ನಡುವೆ ನನಗೇಕೆ ಎಂದು ಮರದ ಕಡೆ ನೋಡಿದೆ. ಎಲ್ಲದಕ್ಕೂ ಮುಂದೆ ಟೈಮ್ ಇದೆ ಅನ್ನಿಸಿತ್ತು.

ಇರಲಿಲ್ಲ. ಹೋದ ತಿಂಗಳು ಒಂದು ಸಂಜೆ ಅಂಕಲ್ ಆಫೀಸಿನಿಂದ ಬಂದು, ಆಂಟಿ ಚಹಾ ತರುವಷ್ಟರಲ್ಲಿ ಕುರ್ಚಿಯಲ್ಲೇ ಹೋಗಿದ್ದರು. ನಾನು ಮತ್ತು ನನ್ನ ಗಂಡ ಹ್ಯೂಸ್ಟನ್ನಿಗೆ ಓಡಿದೆವು. ಜಾರ್ಜ್ ಆಸ್ಟಿನ್ನಿನಿಂದ ಬಂದು, ಬಿಳಿ ಪಂಚೆ ಉಟ್ಟು, ಹೇಳಿದ್ದನ್ನೆಲ್ಲ ತಪ್ಪಿಲ್ಲದೆ ಮಾಡಿದ. ಆಂಟಿ ನನ್ನ ಹೆಗಲ ಮೇಲೆ ತಲೆಯಿಟ್ಟು, “ಯೂಲೆಸ್ಸಿನಾಕಿಗೆ ಹೇಳವಾ. ಫೋನಿನ್ಯಾಗ ಬ್ಯಾಡ, ಹೋಗಿ ಹೇಳು” ಅಂದರು.

ವಾಪಸು ಬಂದ ಮರುದಿನವೇ ಹೋದೆ. ಆ ತಾಯಿ ಬಾಗಿಲು ತೆರೆದು, ನನ್ನ ಹಿಂದೆ ಯಾರಾದರೂ ಇದ್ದಾರಾ ಎಂದು ನೋಡಿ, ನನ್ನ ಮುಖ ನೋಡಿದರು. ನಾನು ಹೇಳಿದೆ. ಅವರು ಹೋಗಿ ಟಿ.ವಿ. ಆರಿಸಿ ಬಂದು ಕೂತರು. ಎರಡೂ ಕೈಗಳನ್ನು ಮೇಜಿನ ಮೇಲಿಟ್ಟುಕೊಂಡರು.

“ಕೊನೆಯ ಕೆಲಸ ಎಲ್ಲ ಯಾರು ಮಾಡಿದರು?”

“ಮಗ.”

“ಅವನಿಗೆ ಫೋನ್ ಮಾಡು.”

ನಾನು ಮಾಡಿದೆ. ಜಾರ್ಜ್ ಎತ್ತಿದ. ಯಾರ ಮನೆಯಲ್ಲಿದ್ದೇನೆಂದು ಹೇಳುವಷ್ಟರಲ್ಲಿ ಅವರು ಫೋನನ್ನು ನನ್ನ ಕೈಯಿಂದ ತೆಗೆದುಕೊಂಡು, “ನಾನು ರಾಮಿರೋ ಹೆಂಡತಿ” ಅಂದರು.

ಅವನ ದನಿ ಪಕ್ಕದಲ್ಲಿದ್ದ ನನಗೂ ಕೇಳಿಸುತ್ತಿತ್ತು. ಹ್ಯೂಸ್ಟನ್ನಿನಲ್ಲಿ ಅಮ್ಮನ ಗೆಳತಿಯರನ್ನೆಲ್ಲ ಆಂಟಿ ಎಂದೇ ಕರೆದು ಬೆಳೆದ ಹುಡುಗ, ಬೇರೇನು ಕರೆಯಬೇಕೆಂದು ತಿಳಿಯದೆ, “ಹಾಯ್ ಆಂಟಿ” ಅಂದ.

ಅವರು ಫೋನನ್ನು ಕಿವಿಗೆ ಇನ್ನಷ್ಟು ಒತ್ತಿಕೊಂಡರು. “ನಿನ್ನಮ್ಮ ಊಟ ಮಾಡ್ತಿದ್ದಾಳಾ?”

“ಜಾಸ್ತಿ ಇಲ್ಲ.”

“ಹೋಗಿ ಅವಳಿಗೆ ಏನಾದರೂ ಮಾಡಿಕೊಡು. ಸೂಪ್ ಮಾಡೋಕೆ ಬರುತ್ತಾ?”

“ನೋ, ಆಂಟಿ.”

“ನಿಮ್ಮಪ್ಪನ ಮೇಲೆ ನನಗಿನ್ನೂ ಕೋಪ ಇದೆ” ಅಂದರು ಅವರು. “ಶನಿವಾರ ಬರ್ತೀನಿ. ಕೋಳಿ ತಿಂತೀರೋ ಇಲ್ಲವೋ?”

ಇಲ್ಲ ಎಂದ ಅವನು. ಹಾಗಾದರೆ ಬೀನ್ಸ್ ತರ್ತೀನಿ ಎಂದು ಫೋನನ್ನು ನನಗೆ ವಾಪಸು ಕೊಟ್ಟು, ಕಣ್ಣೊರೆಸಿಕೊಂಡು, “ಶನಿವಾರ ಎಷ್ಟು ಹೊತ್ತಿಗೆ ಹೊರಡಬೇಕು?” ಎಂದು ಕೇಳಿದರು.